ಸಿಲೋನ್ ರೇಡಿಯೋದ ಅಮೀನ್ ಸಯಾನಿ
(ಸಂಘದ ರಜತ ಮಹೋತ್ಸವದ ಮಧ್ಯಾಹ್ನದ ಸಭೆಯಲ್ಲಿ ಮಾಡಿದ ಭಾಷಣದ ಬರಹ ರೂಪ)



ಈ ಮಹೋತ್ಸವದಲ್ಲಿ ನಾಲ್ಕು ಮಾತಾಡಬೇಕು ಅಂತ ಕರೆಯಲು ಬಂದಾಗ, ಸಹಕಾರ ತತ್ವದ ಮೇಲೆ ಮಾತಾಡಲೇ ಎಂದು ನಾವು ಕೇಳಿದೆವು. ಅದಕ್ಕೆ ಕಾರ್ಯದರ್ಶಿಗಳು, "ಬೇಡಿ ಮೇಷ್ಟ್ರೇ, ಅದನ್ನ ಬೆಳಿಗ್ಗೆ ಮೂರು ಜನ ಮಾತಾಡ್ತಾರೆ. ನೀವು ಬೇರೆ ಏನಾದ್ರೂ ಹೇಳಿ, ಊಟದ ಮೇಲೆ ಜನ ಎದ್ದು ಹೋಗ್ದಂಗೆ" ಅಂದರು. ಮನೆಗೆ ಬಂದು ಯೋಚಿಸಿದಾಗ ನಮಗೆ ಹೊಳೆದದ್ದು ಇಷ್ಟು. ಈ ಇಪ್ಪತ್ತೈದು ವರ್ಷದಲ್ಲಿ ಸಂಘಕ್ಕೆ ನಾವು ಸಾಲ ಕೊಟ್ಟವರಲ್ಲ, ಠರಾವು ಬರೆದವರಲ್ಲ. ಮಹಾಸಭೆ ಬಂದರೆ ಮೈಕು ಹಿಡಿದವರು, ಅಷ್ಟೇ. ಹಾಗಾಗಿ ಮೈಕು ಹಿಡಿದು ಇಡೀ ದೇಶಕ್ಕೆ ಮಾತಾಡಿದ ಒಬ್ಬರ ವಿಷಯ ಹೇಳೋಣ ಎನ್ನಿಸಿತು. ಅವರ ಹೆಸರು ಅಮೀನ್ ಸಯಾನಿ. ತಲೆ ನೆರೆತವರಿಗೆ ಹೆಸರು ಕೇಳಿದ ಕೂಡಲೇ ಕಿವಿಯಲ್ಲಿ ದನಿ ಬಂದಿರಬೇಕು. ಹುಡುಗರಿಗೆ ನಾವು ಸ್ವಲ್ಪ ಬಿಡಿಸಿಯೇ ಹೇಳಬೇಕಾಗುತ್ತದೆ.

ಅಮೀನ್ ಸಯಾನಿಯವರು ಹುಟ್ಟಿದ್ದು 1932ರ ಡಿಸೆಂಬರ್ 21ರಂದು, ಮುಂಬಯಿಯಲ್ಲಿ. ತಂದೆ ವೈದ್ಯರು. ತಾಯಿ ಕುಲ್ಸುಂ ಸಯಾನಿ. ಈ ತಾಯಿಯ ವಿಷಯ ಮೊದಲು ಹೇಳಬೇಕು, ಯಾಕೆಂದರೆ ಮಗನ ಕಥೆಯ ಬೇರು ಅಲ್ಲಿದೆ. ಗಾಂಧೀಜಿಯವರ ಪ್ರಭಾವಕ್ಕೆ ಒಳಗಾದ ಈಕೆ ವಯಸ್ಕರಿಗೆ, ಅದರಲ್ಲೂ ಹೆಂಗಸರಿಗೆ, ಓದು ಬರಹ ಕಲಿಸುವ ಕೆಲಸಕ್ಕೆ ನಿಂತವರು. ಆಗಷ್ಟೇ ಅಕ್ಷರ ಕಲಿತವರಿಗೆಂದೇ 1940ರಲ್ಲಿ 'ರೆಹಬರ್' ಅಂತ ಒಂದು ಪತ್ರಿಕೆ ಶುರು ಮಾಡಿದರು. ಒಂದೇ ಹಿಂದೂಸ್ತಾನಿ ಭಾಷೆ, ಆದರೆ ನಾಗರಿ, ಉರ್ದು, ಗುಜರಾತಿ ಈ ಮೂರು ಲಿಪಿಗಳಲ್ಲಿ ಅಚ್ಚಾಗುತ್ತಿತ್ತು. ನಿನ್ನೆ ಮೊನ್ನೆ ಅ ಆ ಇ ಈ ಕಲಿತವಳು ಓದಿದರೆ ತಿಳಿಯಬೇಕು, ಓದಲು ಬಾರದ ಪಕ್ಕದವಳು ಕೇಳಿದರೂ ತಿಳಿಯಬೇಕು. ಅಂಥ ಭಾಷೆ. ಮನೆಯ ಹುಡುಗನಾದ ಅಮೀನ್ ಆ ಪತ್ರಿಕೆಯ ಕೆಲಸಕ್ಕೆ ಕೈ ಹಚ್ಚುತ್ತಿದ್ದ. ನನಗೆ ಸರಳವಾಗಿ ಮಾತಾಡುವ ಪಾಠ ಆಗಿದ್ದು ಅಲ್ಲೇ ಅಂತ ಮುಂದೆ ದೊಡ್ಡವರಾದ ಮೇಲೂ ಅವರು ಹೇಳಿಕೊಳ್ಳುತ್ತಿದ್ದರು. ನಾವೂ ಮೂವತ್ತು ಚಿಲ್ಲರೆ ವರ್ಷ ಹುಡುಗರಿಗೆ ಪಾಠ ಹೇಳಿದವರೇ. ವ್ಯಾಕರಣ ಕಲಿಸಿದೆವು, ಛಂದಸ್ಸು ಕಲಿಸಿದೆವು, ಇದೊಂದನ್ನು ಕಲಿಸಲಿಲ್ಲವಲ್ಲ ಅನ್ನುವ ಕೊರಗು ನಮಗಿದೆ.

ಅವರ ಅಣ್ಣ ಹಮೀದ್ ಸಯಾನಿ ಇಂಗ್ಲಿಷ್ ಕಾರ್ಯಕ್ರಮಗಳ ಹೆಸರಾಂತ ನಿರೂಪಕ. ತಮ್ಮನನ್ನು ಚಿಕ್ಕಂದಿನಲ್ಲೇ ಮುಂಬಯಿ ರೇಡಿಯೋ ನಿಲಯಕ್ಕೆ ಕರೆದುಕೊಂಡು ಹೋದವರು ಅವರೇ. ಹಾಗಾಗಿ ಅಮೀನ್ ಮೊದಲು ಮಾತಾಡಿದ್ದು ಇಂಗ್ಲಿಷಿನಲ್ಲಿ. ಬೆಳೆದ ಮೇಲೆ ಹಿಂದಿ ವಿಭಾಗದಲ್ಲೂ ಮಾತಾಡುವ ಆಸೆಯಾಗಿ ಪರೀಕ್ಷೆಗೆ ಹೋದರು. ಓದುವುದು ಚೆನ್ನಾಗಿದೆ, ಆದರೆ ಉಚ್ಚಾರಣೆಯಲ್ಲಿ ಗುಜರಾತಿ, ಇಂಗ್ಲಿಷಿನ ವಾಸನೆ ಇದೆ ಅಂತ ವಾಪಸು ಕಳಿಸಿದರಂತೆ! ಮುಂದೆ ಅರ್ಧ ಶತಮಾನ ಹಿಂದಿ ಮಾತಿಗೆ ಹೆಸರಾದ ಮನುಷ್ಯನಿಗೆ ಮೊದಲು ಸಿಕ್ಕ ಸರ್ಟಿಫಿಕೇಟು ಇದು.

ಆಗ ಮುಂಬಯಿಯ ಸೇಂಟ್ ಝೇವಿಯರ್ಸ್ ಕಾಲೇಜಿನ ಆವರಣದಲ್ಲಿ ಒಂದು ಸ್ಟುಡಿಯೋ ಇತ್ತು. ರೇಡಿಯೋ ಸಿಲೋನಿನ ಹಿಂದಿ ಕಾರ್ಯಕ್ರಮಗಳು ಅಲ್ಲಿ ಧ್ವನಿಮುದ್ರಣವಾಗುತ್ತಿದ್ದವು. ಅಲ್ಲಿ ಹೋಗಿ ಕೂತು ಕೇಳಿ ಕಲಿ ಅಂದರು ಅಣ್ಣ. ಒಂದು ದಿನ ಜಾಹೀರಾತು ಓದಬೇಕಾದವರು ಬರಲಿಲ್ಲ. ಕೂತಿದ್ದ ಹುಡುಗನ ಕೈಗೆ ಕಾಗದ ಬಂತು. ಆಮೇಲೆ ವಾರ ವಾರವೂ ಅದೇ ಕೆಲಸ. ಸಂಬಳ ಏನು ಅಂದರೆ ವಾರಕ್ಕೊಂದು ಓವಲ್ಟಿನ್ ಡಬ್ಬಿ! ಇದನ್ನು ಅವರೇ ನಗುತ್ತಾ ಹೇಳಿಕೊಂಡಿದ್ದಾರೆ. ನಮ್ಮ ಸಂಘದ ಮೊದಲ ಗುಮಾಸ್ತರಿಗೆ ಸಂಬಳದ ಜೊತೆ ಸೇರು ರಾಗಿ ಕೊಡುತ್ತಿದ್ದುದು ಇಲ್ಲಿ ಕೆಲವರಿಗಾದರೂ ನೆನಪಿರಬೇಕು.

ಮುಂಬಯಿಯವರಿಗೆ ಸಿಲೋನಿನ ಹಂಗು ಯಾಕೆ ಬಂತು? ಅದಕ್ಕೊಂದು ಕಾರಣವಿದೆ. 1952ರಲ್ಲಿ ಕೇಂದ್ರದ ವಾರ್ತಾ ಮಂತ್ರಿಯಾಗಿ ಬಂದವರು ಬಿ.ವಿ. ಕೇಸ್ಕರ್. ಶಾಸ್ತ್ರೀಯ ಸಂಗೀತದಲ್ಲಿ ಬಹಳ ನಿಷ್ಠೆ. ಸಿನಿಮಾ ಹಾಡು ಕೇಳಿ ಜನರ ಅಭಿರುಚಿ ಕೆಡುತ್ತಿದೆ ಅನ್ನುವುದು ಅವರ ಅಭಿಪ್ರಾಯ. ಅವರ ಕಾಲದಲ್ಲಿ ಸರ್ಕಾರದ ರೇಡಿಯೋದಲ್ಲಿ ಸಿನಿಮಾ ಹಾಡು ಕಡಿಮೆಯಾಗುತ್ತಾ ಬಂದು ಬಹುತೇಕ ನಿಂತೇ ಹೋಯಿತು. ಅಭಿರುಚಿ ತಿದ್ದುವ ಅವರ ಉದ್ದೇಶ ಒಳ್ಳೆಯದೇ ಇರಬಹುದು, ನಾವು ಅಲ್ಲಗಳೆಯುವುದಿಲ್ಲ. ಆದರೆ ಹಸಿದವನಿಗೆ ಮುದ್ದೆ ಇಲ್ಲ ಅಂದರೆ ಪಕ್ಕದ ಮನೆಯ ಒಲೆ ಕಡೆ ನೋಡುತ್ತಾನೆ. ಪಕ್ಕದ ಮನೆ ಅಂದರೆ ಸಿಲೋನು, ಇವತ್ತಿನ ಶ್ರೀಲಂಕಾ. ಎರಡನೇ ಮಹಾಯುದ್ಧದಲ್ಲಿ ಬ್ರಿಟಿಷರು ತಮ್ಮ ಸೈನಿಕರಿಗಾಗಿ ಅಲ್ಲೊಂದು ಭಾರೀ ಟ್ರಾನ್ಸ್‌ಮಿಟರ್ ನಿಲ್ಲಿಸಿದ್ದರು. ಯುದ್ಧ ಮುಗಿದ ಮೇಲೆ ಅದು ರೇಡಿಯೋ ಸಿಲೋನಿನ ಪಾಲಾಯಿತು. ಶಾರ್ಟ್‌ವೇವಿನಲ್ಲಿ ಅದರ ದನಿ ಹಿಮಾಲಯದ ತನಕ ಹೋಗುತ್ತಿತ್ತು. ಅಲ್ಲಿ ಜಾಹೀರಾತಿಗೂ ಅಡ್ಡಿಯಿಲ್ಲ. ಮುಂಬಯಿಯಲ್ಲಿ ಕಾರ್ಯಕ್ರಮ ಮಾಡಿ ಟೇಪನ್ನು ವಿಮಾನದಲ್ಲಿ ಕೊಲಂಬೋಗೆ ಕಳಿಸುವುದು, ಅಲ್ಲಿಂದ ಅದು ಗಾಳಿಯಲ್ಲಿ ಮತ್ತೆ ನಮ್ಮ ದೇಶಕ್ಕೆ ಬರುವುದು! ನಮ್ಮೂರ ಟೊಮೇಟೊ ಪೇಟೆಗೆ ಹೋಗಿ ಬಾಟಲಿಯಲ್ಲಿ ಸಾಸ್ ಆಗಿ ನಮ್ಮೂರ ಅಂಗಡಿಗೇ ಬರುತ್ತದಲ್ಲ, ಹಾಗೆ.

ಇಲ್ಲಿ ಒಂದು ಮಾತು. ನಮ್ಮ ರಾಜ್ಯಕ್ಕೂ ರೇಡಿಯೋಕ್ಕೂ ಇರುವ ನಂಟು ಸಣ್ಣದಲ್ಲ. 1935ರಲ್ಲೇ ಮೈಸೂರಿನ ಮಹಾರಾಜಾ ಕಾಲೇಜಿನ ಮನಶ್ಶಾಸ್ತ್ರದ ಪ್ರಾಧ್ಯಾಪಕರಾಗಿದ್ದ ಡಾ. ಎಂ.ವಿ. ಗೋಪಾಲಸ್ವಾಮಿಯವರು ತಮ್ಮ ಮನೆಯಲ್ಲೇ ಪುಟ್ಟ ಬಾನುಲಿ ಕೇಂದ್ರ ನಡೆಸಿದರು. 'ಆಕಾಶವಾಣಿ' ಅನ್ನುವ ಹೆಸರು ಆ ಕೇಂದ್ರದ್ದು, ಆಮೇಲೆ ಅದು ಇಡೀ ದೇಶದ ರೇಡಿಯೋದ ಹೆಸರಾಯಿತು. ಇದನ್ನು ಶಾಲೆ ಮಕ್ಕಳಿಗೆ ಹೇಳದಿದ್ದರೆ ನಮ್ಮದೇ ತಪ್ಪು.

ಇರಲಿ, ಸಿಲೋನಿಗೆ ಬರೋಣ. ಒಂದು ಹಲ್ಲುಪುಡಿ ಪೇಸ್ಟಿನ ಕಂಪನಿಗೆ ಹೊಸದೊಂದು ಹಾಡಿನ ಕಾರ್ಯಕ್ರಮ ಬೇಕಾಯಿತು. ಬಿನಾಕಾ ಅಂತ ಪೇಸ್ಟು, ನಾವೂ ಅದರಲ್ಲೇ ಹಲ್ಲುಜ್ಜಿದವರು. ನಿರೂಪಣೆ, ಬರವಣಿಗೆ, ತಯಾರಿ, ಬಂದ ಕಾಗದ ಬಿಡಿಸಿ ನೋಡುವುದು, ಎಲ್ಲಾ ಸೇರಿ ವಾರಕ್ಕೆ 25 ರೂಪಾಯಿ. ಅನುಭವಸ್ಥರು ಯಾರೂ ಒಪ್ಪಲಿಲ್ಲ. ಇನ್ನೂ ಇಪ್ಪತ್ತು ತುಂಬದ ಅಮೀನ್ ಒಪ್ಪಿಕೊಂಡರು. 1952ರ ಡಿಸೆಂಬರ್ 3, ಬುಧವಾರ, ಮೊದಲ 'ಬಿನಾಕಾ ಗೀತ್‌ಮಾಲಾ' ಪ್ರಸಾರವಾಯಿತು. ಏಳು ಹಾಡು ಹಿಂದೆ ಮುಂದೆ ಮಾಡಿ ಹಾಕುವುದು, ಯಾವ ಹಾಡು ಮೊದಲು ಬಂದದ್ದು ಯಾವುದು ಆಮೇಲೆ ಬಂದದ್ದು ಅಂತ ಕೇಳುಗರು ಸರಿಯಾಗಿ ಜೋಡಿಸಿ ಬರೆದು ಕಳಿಸುವುದು, ಸರಿ ಇದ್ದವರಿಗೆ ಬಹುಮಾನ. ನಲವತ್ತು ಐವತ್ತು ಕಾಗದ ಬಂದೀತು ಅಂದುಕೊಂಡಿದ್ದರು. ಬಂದದ್ದು 9,000! ಒಂದೆರಡು ವರ್ಷದಲ್ಲಿ ಅದು ವಾರಕ್ಕೆ 65,000ಕ್ಕೆ ಏರಿತು. ಅಷ್ಟು ಕಾಗದ ಬಿಡಿಸುವುದು ಯಾರಿಂದಾದೀತು? ಸ್ಪರ್ಧೆ ನಿಲ್ಲಿಸಿ, ಯಾವ ಹಾಡಿಗೆ ಜನ ಹೆಚ್ಚು ಅಂತ ಲೆಕ್ಕ ಹಾಕಿ ಕೆಳಗಿನಿಂದ ಮೇಲಕ್ಕೆ ಒಂದೊಂದೇ ಹಾಡು ಹೇಳುತ್ತಾ ಹೋಗುವ ಪದ್ಧತಿ ಮಾಡಿದರು. ಗ್ರಾಮಫೋನ್ ರೆಕಾರ್ಡು ಎಷ್ಟು ಮಾರಾಟವಾಯಿತು ಅನ್ನುವುದೂ ಲೆಕ್ಕ, ಊರೂರಿನಲ್ಲಿ ಹುಟ್ಟಿಕೊಂಡ ಕೇಳುಗರ ಸಂಘಗಳ ಕಾಗದವೂ ಲೆಕ್ಕ.

ಹೌದು, ಕೇಳುಗರೂ ಸಂಘ ಕಟ್ಟಿಕೊಂಡಿದ್ದರು! ರೇಡಿಯೋ ಕ್ಲಬ್ಬು ಅನ್ನುತ್ತಿದ್ದರು. ಒಬ್ಬೊಬ್ಬರೇ ಬರೆದರೆ ಒಂದು ಕಾರ್ಡು, ಹತ್ತು ಜನ ಸೇರಿ ಬರೆದರೆ ತೂಕ ಹೆಚ್ಚು. ಆಗ ಬಿಹಾರದಲ್ಲಿದ್ದ, ಈಗ ಝಾರ್ಖಂಡಿಗೆ ಸೇರಿದ ಝುಮ್ರಿ ತಲೈಯಾ ಅನ್ನುವ ಒಂದು ಊರು. ಸುತ್ತ ಅಭ್ರಕದ ಗಣಿಗಳು. ಆ ಊರಿನ ಜನ ಹಾಡು ಕೇಳಿ ಬರೆದ ಕಾರ್ಡುಗಳಿಂದಲೇ ಅದು ದೇಶಕ್ಕೆಲ್ಲಾ ಪ್ರಸಿದ್ಧವಾಯಿತು. ಅಂಥ ಊರು ನಿಜವಾಗಿ ಇದೆಯೋ ಇಲ್ಲವೋ ಅಂತ ಎಷ್ಟೋ ಜನ ಅನುಮಾನ ಪಟ್ಟಿದ್ದರು. ಇದೆ.

ನಮ್ಮೂರಿಗೆ ಈ ದನಿ ಬಂದದ್ದು ದಿನಸಿ ಅಂಗಡಿಯ ಮರ್ಫಿ ರೇಡಿಯೋದಿಂದ. ನಾವಾಗ ಹೈಸ್ಕೂಲು. ಮಾಡಿನ ಕೆಳಗೆ ಅಡ್ಡಲಾಗಿ ಕಟ್ಟಿದ ಏರಿಯಲ್ಲು, ಪೋಸ್ಟಾಫೀಸಿನಲ್ಲಿ ದುಡ್ಡು ಕಟ್ಟಿ ಮಾಡಿಸಿದ ಲೈಸೆನ್ಸು, ರೇಡಿಯೋದ ಮೇಲೆ ಕ್ರೋಶಾ ಹಾಕಿದ ಬಟ್ಟೆ. ಬುಧವಾರ ರಾತ್ರಿ ಎಂಟು ಗಂಟೆಗೆ ಜಗಲಿ ತುಂಬುತ್ತಿತ್ತು. ಸಿಲೋನ್ ಹಿಡಿಸುವುದು ಅಂದರೆ ಬಾವಿಗೆ ಬಿದ್ದ ಕೊಡಕ್ಕೆ ಪಾತಾಳಗರಡಿ ಹಾಕಿದ ಹಾಗೆ. ಗುಂಡಿ ಒಂದು ಕೂದಲೆಳೆ ಆಚೆ ಹೋದರೆ ಬರೀ ಗೊರ ಗೊರ. ಮಳೆಗಾಲದಲ್ಲಿ ಗುಡುಗೂ ಸೇರಿಕೊಳ್ಳುತ್ತಿತ್ತು. ದನಿ ಅಲೆಯಂತೆ ಹತ್ತಿರ ಬರುವುದು, ದೂರ ಹೋಗುವುದು. ಅಂಗಡಿಯವರು ಗುಂಡಿ ಬೇರೆ ಯಾರಿಗೂ ಮುಟ್ಟಲು ಕೊಡುತ್ತಿರಲಿಲ್ಲ.

ನೋಡಿ, ಆ ಜಗಲಿಯಲ್ಲಿ ಕೂತವರಲ್ಲಿ ಹಿಂದಿ ಬಲ್ಲವರು ಒಬ್ಬರೂ ಇರಲಿಲ್ಲ. ನಮಗೆ ಶಾಲೆಯಲ್ಲಿ ಕಲಿತ ನಾಲ್ಕು ಪಾಠ, ಅಷ್ಟೆ. ಗಾಡಿ ಹೊಡೆಯುವವರು, ಕುಂಬಾರರು, ಹೊಲದಿಂದ ನೇರ ಬಂದವರು. ಆದರೂ ಆ ಮನುಷ್ಯ ಮಾತಾಡಿದ್ದು ತಿಳಿಯುತ್ತಿತ್ತು. ಯಾವ ಹಾಡು ಮೇಲೆ ಹೋಯಿತು, ಯಾವುದು ಬಿತ್ತು, ಎಲ್ಲಾ ತಿಳಿಯುತ್ತಿತ್ತು. ಸ್ಥಾನ ಅನ್ನುವುದಕ್ಕೆ ಅವರು 'ಪಾಯ್‌ದಾನ್' ಅನ್ನುತ್ತಿದ್ದರು. ಮೆಟ್ಟಿಲು ಅಂತ ಅರ್ಥ. ಮೂರನೇ ಮೆಟ್ಟಿಲು, ಎರಡನೇ ಮೆಟ್ಟಿಲು. ಆಮೇಲೆ ಕಹಳೆ ಊದಿ ಮೊದಲನೆಯದು. ಏಣಿ ಹತ್ತುವುದು ಯಾರಿಗೆ ಗೊತ್ತಿಲ್ಲ ಹೇಳಿ? ಆ ಕಾಲದಲ್ಲಿ ರೇಡಿಯೋದವರ ಹಿಂದಿ ಅಂದರೆ ಕಲ್ಲು ಕಡಿದ ಹಾಗೆ, ಪಂಡಿತರಿಗೆ ಮಾತ್ರ. ಇವರು ಉರ್ದುವಿನ ಬಿಗಿಯನ್ನೂ ಬಿಟ್ಟು ಸಂಸ್ಕೃತದ ಭಾರವನ್ನೂ ಬಿಟ್ಟು ಸಂತೆಯಲ್ಲಿ ಆಡುವ ಮಾತನ್ನೇ ಚೊಕ್ಕಟ ಮಾಡಿ ಆಡಿದರು. ನಮ್ಮಮ್ಮ ಒಳಗಿನಿಂದಲೇ ಕೇಳಿ, "ಈ ಯಪ್ಪ ನಗ್ತಾ ನಗ್ತಾ ಮಾತಾಡ್ತನೆ" ಅನ್ನುತ್ತಿದ್ದಳು. ಮುಖ ಕಾಣದವನ ನಗು ಹಳ್ಳಿಯ ಹೆಂಗಸಿಗೆ ಕಾಣಿಸಿತ್ತು.

ಇನ್ನೊಂದು ವಿಷಯ ತಾಯಂದಿರು ಕೇಳಬೇಕು. ಭಾಷಣ ಅಂದರೆ ಎಲ್ಲರೂ ಸಹೋದರ ಸಹೋದರಿಯರೇ ಅಂತ ಶುರು ಮಾಡುವ ಕಾಲ. ಸಯಾನಿಯವರು ಅದನ್ನು ತಿರುವಿ ಹಾಕಿ 'ಬೆಹನೋ ಔರ್ ಭಾಯಿಯೋ' ಅಂದರು. ಅಕ್ಕತಂಗಿಯರು ಮೊದಲು, ಅಣ್ಣತಮ್ಮಂದಿರು ಆಮೇಲೆ. ಅದೇ ಅವರ ಗುರುತಾಯಿತು. ರೆಹಬರ್ ಪತ್ರಿಕೆಯ ತಾಯಿಯ ಮಗ ಅಲ್ಲವೇ!

ಈಗ ನಮ್ಮದೇ ಒಂದು ತಪ್ಪು ಹೇಳಬೇಕು. ಇದನ್ನು ಈ ಸಭೆಯಲ್ಲಿ ಹೇಳಬೇಕೋ ಬೇಡವೋ ಅಂತ ನಿನ್ನೆ ರಾತ್ರಿವರೆಗೂ ಯೋಚಿಸಿದೆವು. ನಮ್ಮ ಸಂಘ ಶುರುವಾಗಿ ಐದಾರು ವರ್ಷವಾಗಿತ್ತು. ಸುಸ್ತಿದಾರರು ಇಂಥ ತಾರೀಖಿನ ಒಳಗೆ ಅಸಲು ಕಟ್ಟಿದರೆ ಬಡ್ಡಿ ಬಿಡುತ್ತೇವೆ ಅಂತ ಒಂದು ಆದೇಶ ಬಂತು. ಅದನ್ನು ಊರಿಗೆ ಸಾರುವ ಕೆಲಸ ನಮ್ಮದು. ಆಟೋಕ್ಕೆ ಮೈಕು ಕಟ್ಟಿಸಿ, ಮೂರು ಬೀದಿ ಸುತ್ತಿ, ಕಾಗದದಲ್ಲಿ ಇದ್ದ ಹಾಗೇ ಓದಿದೆವು. "ನಿಗದಿತ ದಿನಾಂಕದೊಳಗಾಗಿ ಬಾಕಿ ಅಸಲನ್ನು ಸಂಪೂರ್ಣವಾಗಿ ಪಾವತಿಸುವ ಸುಸ್ತಿದಾರ ಸದಸ್ಯರು ಬಡ್ಡಿ ಮನ್ನಾ ಸೌಲಭ್ಯಕ್ಕೆ ಅರ್ಹರಾಗಿರುತ್ತಾರೆ." ವ್ಯಾಕರಣದಲ್ಲಿ ಒಂದು ತಪ್ಪಿಲ್ಲ. ಉಚ್ಚಾರಣೆ ಬಗ್ಗೆ ನಮಗೆ ಆಗ ಹೆಮ್ಮೆಯೇ ಇತ್ತು.

ಕೆಳಗಿನ ಬೀದಿಯಲ್ಲಿ ಒಬ್ಬ ಅಜ್ಜಿ. ಗಂಡ ಇಲ್ಲ, ಮಗ ಬೆಂಗಳೂರು ಸೇರಿದ್ದ. ಅವಳಿಗೆ ನಮ್ಮ ಇಡೀ ವಾಕ್ಯದಲ್ಲಿ ಕೇಳಿಸಿದ್ದು ಒಂದೇ ಮಾತು, ಮನ್ನಾ. ಸಾಲ ಹೋಯಿತು ಅಂದುಕೊಂಡಳು. ಅಸಲಿಗೆ ಅಂತ ಸೆರಗಿನಲ್ಲಿ ಕಟ್ಟಿಟ್ಟಿದ್ದ ದುಡ್ಡನ್ನು ಮೊಮ್ಮಗಳ ಮದುವೆಗೆ ಕೊಟ್ಟಳು. ತಾರೀಖು ದಾಟಿತು. ಆಮೇಲೆ ಸಂಘದಿಂದ ನೋಟೀಸು ಹೋಯಿತು. ಅಸಲೂ ಉಳಿಯಿತು, ಬಡ್ಡಿಯೂ ಉಳಿಯಿತು. ಅವಳು ಕಾಗದ ಹಿಡಿದು ಸಂಘದ ಕಟ್ಟೆ ಹತ್ತಿ ಬಂದಳು. ನಾವು ಅಲ್ಲೇ ಕೂತಿದ್ದೆವು. ಬೈಯಲಿಲ್ಲ. "ನೀನೇ ಹೇಳಿದ್ದಲ್ಲ ಮೇಷ್ಟ್ರಪ್ಪ, ಮೈಕದಾಗೆ, ಮನ್ನಾ ಅಂತ. ನೀನು ಹೇಳಿದ್ಮೇಲೆ ಇನ್ಯಾರ್ನ ಕೇಳ್ಬೇಕು?" ಅಂದಳು. ಆಡಳಿತ ಮಂಡಳಿಯವರು ಒಪ್ಪಿದರೂ ಮೇಲಿನವರು ಗಡುವು ದಾಟಿದೆ ಅಂದರು. ಎಮ್ಮೆ ಮಾರಿ ಕಟ್ಟಿದಳು. ನಾವು ಅದರಲ್ಲಿ ಅಷ್ಟಿಷ್ಟು ಸೇರಿಸಿದೆವು, ಆದರೆ ಎಮ್ಮೆ ಹೋದದ್ದು ಹೋಯಿತು. ಈಗ ಅವಳಿಲ್ಲ.

ಹಿಂದೆ ನಮ್ಮೂರಲ್ಲಿ ತಮಟೆ ಹೊಡೆದು ಸಾರುವವನೊಬ್ಬನಿದ್ದ. ಅಕ್ಷರ ಬಾರದವನು. ಪಟೇಲರು ಹೇಳಿದ್ದನ್ನು ಅವನು ಹಾಗೇ ಒಪ್ಪಿಸುತ್ತಿರಲಿಲ್ಲ. ತನ್ನ ಮಾತಿಗೆ ತಿರುಗಿಸಿಕೊಂಡು, "ಕೇಳ್ರಪ್ಪೋ ಕೇಳ್ರಿ, ನಾಳೆ ಕೆರೆ ನೀರು ಬಿಡ್ತಾರೆ, ದನ ಕಟ್ಕಳಿ, ಬದ ನೋಡ್ಕಳಿ" ಅನ್ನುತ್ತಿದ್ದ. ಯಾರಿಗೆ ಏನು ಮಾಡಬೇಕು ಅಂತ ತಿಳಿಯುತ್ತಿತ್ತು. ಬಿ.ಎ., ಬಿ.ಎಡ್. ಮಾಡಿದ ನಮಗೆ ಅಷ್ಟು ಬರಲಿಲ್ಲ. ಅಜ್ಜಿಯ ಸಂಗತಿ ಆದ ಮೇಲೆ, ಸಯಾನಿಯವರ ವಿಷಯ ಎಲ್ಲಿ ಸಿಕ್ಕಿದರೂ ನಾವು ಹುಡುಕಿ ಓದಲು ಶುರು ಮಾಡಿದ್ದು. ಸಂಘದ ಯಾವ ಪ್ರಕಟಣೆಯನ್ನೂ ಮೊದಲು ಕಟ್ಟೆ ಮೇಲೆ ಕೂತ ಯಾರಾದರೂ ಒಬ್ಬ ಹೆಣ್ಣುಮಗಳಿಗೆ ಓದಿ ಹೇಳಿ, "ಏನು ತಿಳೀತವ್ವ?" ಅಂತ ಕೇಳಿ, ಆಮೇಲೆ ಮೈಕಿಗೆ ಹೋಗುವುದು ಅಂತ ಮಾಡಿಕೊಂಡೆವು. ನಮ್ಮ ಕಾರ್ಯದರ್ಶಿಗಳಿಗೆ ಮೊದಮೊದಲು ಇದು ಹೊತ್ತು ಕಳೆಯುವ ಕೆಲಸ ಎನಿಸಿತ್ತು.

ಸಯಾನಿಯವರ ಮುಂದಿನ ಕಥೆ ಬೇಗ ಹೇಳಿ ಮುಗಿಸುತ್ತೇವೆ. ಜನ ಸಿಲೋನಿಗೆ ಕಿವಿಗೊಟ್ಟದ್ದು ನೋಡಿ ನಮ್ಮ ಸರ್ಕಾರವೂ 1957ರ ಅಕ್ಟೋಬರ್ 3ರಂದು ವಿವಿಧ ಭಾರತಿ ಶುರು ಮಾಡಿತು. ಸಿನಿಮಾ ಹಾಡು ಮನೆಗೆ ವಾಪಸು ಬಂತು. 1967ರಲ್ಲಿ ಅಲ್ಲಿ ಜಾಹೀರಾತಿಗೂ ಜಾಗ ಕೊಟ್ಟರು. ಆದರೂ ಗೀತ್‌ಮಾಲಾ ಸಿಲೋನಿನಲ್ಲೇ 1988ರ ತನಕ ನಡೆಯಿತು, ಪೇಸ್ಟಿನ ಹೆಸರು ಬದಲಾದಾಗ ಕಾರ್ಯಕ್ರಮದ ಹೆಸರೂ ಸಿಬಾಕಾ ಗೀತ್‌ಮಾಲಾ ಅಂತ ಆಯಿತು. ಆಮೇಲೆ 1989ರಿಂದ 1994ರ ತನಕ ವಿವಿಧ ಭಾರತಿಯಲ್ಲಿ. ಒಂದು ಕಾಲಕ್ಕೆ ಬೇಡ ಅಂದ ಮನೆಯೇ ಕರೆದು ಕೂರಿಸಿಕೊಂಡಿತು ಅನ್ನಿ. ಅಣ್ಣ ಹಮೀದ್ 1975ರಲ್ಲಿ ತೀರಿಕೊಂಡಾಗ ಅವರು ನಡೆಸುತ್ತಿದ್ದ ಬೋರ್ನ್‌ವಿಟಾ ರಸಪ್ರಶ್ನೆ ಕಾರ್ಯಕ್ರಮವನ್ನೂ ತಮ್ಮನೇ ಹೊತ್ತುಕೊಂಡರು. 'ಭೂತ್ ಬಂಗ್ಲಾ'ದಂಥ ಕೆಲವು ಸಿನಿಮಾಗಳಲ್ಲಿ ನಿರೂಪಕನ ಪಾತ್ರದಲ್ಲೇ ಕಾಣಿಸಿಕೊಂಡರು. ಒಟ್ಟು 54,000 ರೇಡಿಯೋ ಕಾರ್ಯಕ್ರಮ, 19,000 ಜಾಹೀರಾತು ಅಂತ ಅವರ ಲೆಕ್ಕ ಹೇಳುತ್ತಾರೆ. 2009ರಲ್ಲಿ ಪದ್ಮಶ್ರೀ ಬಂತು. ಅವರ ತಾಯಿಗೆ ಅದೇ ಪ್ರಶಸ್ತಿ 1960ರಲ್ಲೇ ಬಂದಿತ್ತು.

ಒಂದು ತಮಾಷೆ ಬಿಟ್ಟು ಹೋಯಿತು. ಒಬ್ಬ ಉದ್ದನೆ ಹುಡುಗ ಧ್ವನಿ ಪರೀಕ್ಷೆ ಕೊಡಲು ಮೊದಲೇ ತಿಳಿಸದೆ ಅವರ ಕಚೇರಿಗೆ ಬಂದಿದ್ದನಂತೆ. ಇವರಿಗೆ ಕೈತುಂಬಾ ಕೆಲಸ, ಪುರಸೊತ್ತಿಲ್ಲ ಅಂತ ಹೇಳಿ ಕಳಿಸಿದರು. ಆ ಹುಡುಗ ಅಮಿತಾಭ್ ಬಚ್ಚನ್. ಆಮೇಲೆ ಸಯಾನಿಯವರು, ಆದದ್ದು ಇಬ್ಬರಿಗೂ ಒಳ್ಳೆಯದೇ ಆಯಿತು ಅಂತ ನಕ್ಕಿದ್ದಾರೆ.

ಟಿ.ವಿ. ಬಂದ ಮೇಲೆ ಜಗಲಿ ಖಾಲಿಯಾದದ್ದು ನಾವೆಲ್ಲಾ ಕಂಡದ್ದೇ. ದೆಹಲಿಯಲ್ಲಿ 1959ರಲ್ಲೇ ಶುರುವಾದರೂ ನಮ್ಮ ಕಡೆ ಅದು ಕಾಲಿಟ್ಟದ್ದು ಎಂಬತ್ತರ ದಶಕದಲ್ಲಿ. ಹಾಡು ಕಣ್ಣಿಗೆ ಕಾಣುವಾಗ ಬರೀ ಕಿವಿಗೆ ಯಾರು ಕಾಯುತ್ತಾರೆ? ಬುಧವಾರ ಹೋಗಿ ಚಿತ್ರಹಾರದ ದಿನ ಬಂತು, ಚಿತ್ರಮಂಜರಿಯ ದಿನ ಬಂತು. ಅಂಗಡಿಯ ಮರ್ಫಿ ಅಟ್ಟಕ್ಕೆ ಹೋಯಿತು.

2024ರ ಫೆಬ್ರವರಿ 20ರಂದು ಸಯಾನಿಯವರು ಮುಂಬಯಿಯಲ್ಲಿ ತೀರಿಕೊಂಡರು. ತೊಂಬತ್ತೊಂದು ವರ್ಷ. ಸುದ್ದಿ ತಿಳಿದ ದಿನ ನಮ್ಮ ಮೊಮ್ಮಗಳು ಮೊಬೈಲಿನಲ್ಲಿ ಹುಡುಕಿ ಅವರ ದನಿ ಹಾಕಿದಳು. ಗೊರಗೊರ ಇಲ್ಲ, ಗುಡುಗಿಲ್ಲ, ಎದುರಿಗೇ ಕೂತು ಮಾತಾಡಿದ ಹಾಗೆ. ಅವಳು ಅರ್ಧ ನಿಮಿಷ ಕೇಳಿ, "ತಾತ, ಇವ್ರು ಹಿಂದೀಲಿ ಮಾತಾಡ್ತಿದ್ರೂ ನಂಗೆ ಅರ್ಥ ಆಗ್ತಿದೆ" ಅಂದಳು. ಶಾಲೆಯಲ್ಲಿ ಹಿಂದಿಗೆ ಅವಳಿಗೆ ಬರುವುದು ಮೂವತ್ತೆಂಟು, ನಲವತ್ತು.

ಕಾರ್ಯದರ್ಶಿಗಳು ಚೀಟಿ ಕಳಿಸಿದ್ದಾರೆ. ಸಮಯವಾಯಿತು ಅಂತ ಇರಬಹುದು ಅಂದುಕೊಂಡೆವು, ಅಲ್ಲ, ಪ್ರಕಟಣೆ. ಇದರಲ್ಲಿ 'ಲಾಭಾಂಶ ವಿತರಣೆ' ಅಂತ ಬರೆದಿದ್ದಾರೆ, ಇರಲಿ. ಅವ್ವಂದಿರೇ, ಅಕ್ಕತಂಗಿಯರೇ, ಅಣ್ಣತಮ್ಮಂದಿರೇ, ಸಂಘದಲ್ಲಿ ಷೇರು ಇರುವ ಎಲ್ಲರಿಗೂ ಈ ಸಲದ ಲಾಭದಲ್ಲಿ ಪಾಲು ಬಂದಿದೆ. ಬರುವ ಸೋಮವಾರದಿಂದ ಶನಿವಾರದವರೆಗೆ, ಬೆಳಿಗ್ಗೆ ಹತ್ತರಿಂದ ಮಧ್ಯಾಹ್ನ ಒಂದರ ತನಕ, ಕಚೇರಿಯಲ್ಲಿ ಕೊಡುತ್ತಾರೆ. ಪಾಸ್ ಪುಸ್ತಕ ತನ್ನಿ. ಯಜಮಾನರ ಹೆಸರಲ್ಲಿ ಷೇರು ಇದ್ದು ಅವರು ತೀರಿಹೋಗಿದ್ದರೆ ಸುಮ್ಮನಿರಬೇಡಿ, ದುಡ್ಡು ಎಲ್ಲೂ ಹೋಗುವುದಿಲ್ಲ, ಬಂದು ಕೇಳಿ, ಯಾವ ಕಾಗದ ಬೇಕು ಅಂತ ಕಾರ್ಯದರ್ಶಿಗಳು ಹೇಳುತ್ತಾರೆ. ಮುಂದಿನ ಸಾಲಿನಲ್ಲಿ ಕೂತಿರುವ ನಿಂಗಮ್ಮನವರೇ, ಏನು ತಿಳೀತು, ಎದ್ದು ಒಂದು ಸಲ ಹೇಳ್ತೀರಾ?